ಮಿಲ್ಕ್ ಗ್ಲಾಸ್ ಕೊಳ್ಳುವ ಮುಂಚೆ ತಲೆಕೆಳಗು ಮಾಡಿ ನೋಡಿ

ನಾನಿರುವುದು ಅಮೆರಿಕದ ಪಿಟ್ಸ್‌ಬರ್ಗ್ ಹತ್ತಿರ. ಇಲ್ಲಿ ಯಾವ ಎಸ್ಟೇಟ್ ಸೇಲ್‌ಗೆ (ಒಂದು ಮನೆಯ ಸಾಮಾನೆಲ್ಲ ಮಾರುವ ಸೇಲ್) ಹೋದರೂ ಒಂದು ಮೇಜಿನ ಮೇಲಾದರೂ ಬಿಳೀ ಗಾಜಿನ ಪಾತ್ರೆಗಳು ಇದ್ದೇ ಇರುತ್ತವೆ. ಹಾಲಿನಂಥ ಈ ಬಿಳೀ ಗಾಜಿಗೇ ಮಿಲ್ಕ್ ಗ್ಲಾಸ್ ಅನ್ನುವುದು. ಅಮೆರಿಕದ ಮಿಲ್ಕ್ ಗ್ಲಾಸ್‌ಗೆ ಈ ಸೀಮೆಯೇ ತವರು. ಅಟರ್‌ಬರಿ ಅನ್ನುವ ಗಾಜಿನ ಕಂಪನಿ ಪಿಟ್ಸ್‌ಬರ್ಗ್‌ನಲ್ಲೇ ಇತ್ತು. ವೆಸ್ಟ್‌ಮೋರ್‌ಲ್ಯಾಂಡ್ ಕಾರ್ಖಾನೆ ಗ್ರೇಪ್‌ವಿಲ್‌ನಲ್ಲಿ 1889ರಿಂದ 1984ರವರೆಗೆ ನಡೆಯಿತು. ಫೆಂಟನ್ ಕಾರ್ಖಾನೆ ಇದ್ದದ್ದು ಪಕ್ಕದ ವೆಸ್ಟ್ ವರ್ಜೀನಿಯಾದಲ್ಲಿ. ಇಲ್ಲಿನ ನಮ್ಮ ಕನ್ನಡ ಗೆಳತಿಯರು ಫೋಟೋ ಕಳಿಸಿ "ಇದು ಆಂಟಿಕ್ಕಾ? ಎಷ್ಟು ಕೊಡಬಹುದು?" ಅಂತ ಕೇಳ್ತಿರ್ತಾರೆ. ಅವರಿಗೆ ಹೇಳುವುದನ್ನೇ ಇಲ್ಲಿ ಬರೆದಿದ್ದೇನೆ.

ಮೊದಲೇ ಹೇಳಿಬಿಡುತ್ತೇನೆ. ಹಳೆ ಸಾಮಾನಿನ ಅಂಗಡಿಯಲ್ಲಿ ಸಿಗುವ ಬಿಳೀ ಗಾಜಿನಲ್ಲಿ ಜಾಸ್ತಿ ಪಾಲು 1950, 60ರ ದಶಕಗಳದ್ದು. ಆಂಟಿಕ್ ಅನ್ನಬಹುದಾದ, ನೂರು ವರ್ಷ ದಾಟಿದ್ದು ಸಿಗುವುದು ಅಪರೂಪ. ಹಾಗಂತ ಹೊಸದೆಲ್ಲ ಕಡಿಮೆ ಅಂತಲ್ಲ. ಆದರೆ ಆಂಟಿಕ್ ಬೆಲೆಗೆ ಅದನ್ನು ಕೊಳ್ಳಬಾರದು.

ಕೈಗೆತ್ತಿಕೊಂಡ ಕೂಡಲೇ ತಳ ನೋಡಿ. ಪಿಂಗಾಣಿಯಾದರೆ ತಳದ ಅಂಚಿನಲ್ಲಿ ಮೆರುಗು ಹತ್ತದ, ತರಿತರಿಯಾದ ಜಾಗ ಸಾಮಾನ್ಯವಾಗಿ ಇರುತ್ತದೆ. ಗಾಜಾದರೆ ಅಲ್ಲೂ ನುಣುಪು. ಪಕ್ಕದಲ್ಲಿ ಬೆರಳಾಡಿಸಿದರೆ ಅಚ್ಚಿನ ಎರಡು ಭಾಗ ಕೂಡಿದ ಸಣ್ಣ ಗೆರೆ ಎಷ್ಟೋ ಸಲ ತಾಗುತ್ತದೆ.

ತಳದಲ್ಲೇ ಗುರುತೂ ಇರಬಹುದು. ಡಬ್ಲ್ಯೂ ಮತ್ತು ಜಿ ಒಂದರ ಮೇಲೊಂದು ಕೂತಿದ್ದರೆ ವೆಸ್ಟ್‌ಮೋರ್‌ಲ್ಯಾಂಡ್. ಆದರೆ ಆ ಕಾರ್ಖಾನೆ ಮುಚ್ಚಿದ ಮೇಲೆ ಅಚ್ಚುಗಳು ಬೇರೆಯವರ ಕೈಗೆ ಹೋದವು. ಅದೇ ಗುರುತಿನ ಹೊಸ ಮಾಲೂ ಬಂತು. ಹಾಗಾಗಿ ಗುರುತೊಂದನ್ನೇ ನಂಬಬೇಡಿ. ಐ ಮತ್ತು ಜಿ ಕೂಡಿದ್ದರೆ ಇಂಪೀರಿಯಲ್ ಅನ್ನುವ ಕಂಪನಿಯದು, 1951ರಿಂದ ಈಚಿನದು. ಅದರ ಜೊತೆ ಎಲ್ ಕೂಡ ಸೇರಿದ್ದರೆ ಇನ್ನೂ ಈಚಿನದು, 1970ರ ದಶಕ ಅಥವಾ ಆಮೇಲಿನದು.

ಫೆಂಟನ್‌ನ ಲೆಕ್ಕ ಉಲ್ಟಾ. ಮೈತುಂಬ ಗುಂಡು ಗುಂಡು ಮೊಗ್ಗಿರುವ ಹಾಬ್‌ನೇಲ್ ಮಿಲ್ಕ್ ಗ್ಲಾಸ್ ಅನ್ನು ಅವರು 1952ರಲ್ಲಿ ತಂದರು. ಆಗ ಅಂಟಿಸುತ್ತಿದ್ದದ್ದು ಹೆಸರಿನ ಕಾಗದದ ಚೀಟಿ. ತೊಳೆದರೆ ಅದು ಹೋಗುತ್ತದೆ, ಅಲ್ವಾ? ಮೊಟ್ಟೆಯಾಕಾರದೊಳಗೆ ಹೆಸರು ಮೂಡಿಸಿದ್ದು 1970ರ ದಶಕದಲ್ಲಿ. ಆ ಹೆಸರಿನ ಕೆಳಗೆ ಸಣ್ಣ 8 ಇದ್ದರೆ 80ರ ದಶಕ, 9 ಇದ್ದರೆ 90ರ ದಶಕ. ಅಂದರೆ ಫೆಂಟನ್ ಹಾಬ್‌ನೇಲ್‌ನಲ್ಲಿ ಹೆಸರಿಲ್ಲದ್ದೇ ಹಳೆಯದು. ಆದರೆ ಹಾಬ್‌ನೇಲ್ ಮಾಡಿದವರು ಬೇಕಾದಷ್ಟು ಜನ. ಹೆಸರಿಲ್ಲದ್ದೆಲ್ಲ ಫೆಂಟನ್ ಅಂತ ತಿಳಿಯಬೇಡಿ. ಆಕಾರ, ಅಳತೆಗಳನ್ನು ಫೆಂಟನ್‌ನ ಹಳೆ ಕ್ಯಾಟಲಾಗ್ ಚಿತ್ರದ ಜೊತೆ ಹೋಲಿಸಿ.

ಇ.ಓ. ಬ್ರೋಡಿ, ಕ್ಲೀವ್‌ಲ್ಯಾಂಡ್ ಅಂತ ತಳದಲ್ಲಿದ್ದರೆ ಅದು ಹೂವಿನ ಅಂಗಡಿಯವರು ಹೂವಿನ ಜೊತೆ ಕೊಡುತ್ತಿದ್ದ ಮಾಲು. ಹೂವಿಡಲು ಚೆನ್ನಾಗಿದೆ. ಒಂದೆರಡು ಡಾಲರಿಗೆ ಸಿಕ್ಕರೆ ತನ್ನಿ.

ನಿಜವಾದ ಹಳೆಯದಕ್ಕೆ ಅಟರ್‌ಬರಿಯ ಬಾತುಕೋಳಿ ಒಳ್ಳೆ ಉದಾಹರಣೆ. ಬೆನ್ನೇ ಮುಚ್ಚಳವಾಗಿರುವ ಡಬ್ಬಿ ಅದು. ತಳದಲ್ಲಿ 1887ರ ಮಾರ್ಚ್ 15ರ ಪೇಟೆಂಟ್ ತಾರೀಕು ಇರುತ್ತದೆ. ನಕಲುಗಳೂ ಇರುವುದರಿಂದ ತಾರೀಕಿನ ಜೊತೆ ಸವೆತವನ್ನೂ ನೋಡಬೇಕು. ಒಂದು ಭೂತಗನ್ನಡಿ ಇಟ್ಟುಕೊಳ್ಳಿ. ವರ್ಷಗಟ್ಟಲೆ ಕಪಾಟಿನಲ್ಲಿ ಎಳೆದಾಡಿದ ಪಾತ್ರೆಯ ತಳದಲ್ಲಿ, ನೆಲಕ್ಕೆ ತಾಗುವ ಕಡೆ ಮಾತ್ರ, ಅಡ್ಡಾದಿಡ್ಡಿ ಸಣ್ಣ ಗೀರುಗಳಿರುತ್ತವೆ. ಕೆಲವು ಉದ್ದ, ಕೆಲವು ಗಿಡ್ಡ. ಗೀರುಗಳೆಲ್ಲ ಒಂದೇ ದಿಕ್ಕಿಗಿದ್ದರೆ, ನೆಲಕ್ಕೆ ತಾಗದ ಕಡೆಯೂ ಇದ್ದರೆ, ಮರಳು ಕಾಗದ ಉಜ್ಜಿರಬಹುದು ಅಂತ ಅನುಮಾನ ಪಡಿ.

ಇನ್ನು ಎಲ್ಲರೂ ಹೇಳುವ 'ರಿಂಗ್ ಆಫ್ ಫೈರ್'. ತೆಳು ಅಂಚನ್ನು ಬಿಸಿಲಿಗೆ ಹಿಡಿದರೆ ಕಿತ್ತಳೆ ಬಣ್ಣ ಹೊಳೆಯುತ್ತದೆ. ಬಹಳ ಚೆಂದ, ನನಗೂ ಇಷ್ಟ. ಆದರೆ ಅದು ವಯಸ್ಸಿನ ಸರ್ಟಿಫಿಕೇಟ್ ಅಲ್ಲ. ಗಾಜಿನೊಳಗಿನ ಅತಿ ಸಣ್ಣ ಕಣಗಳು ನೀಲಿ ಬೆಳಕನ್ನು ಚದುರಿಸುತ್ತವೆ, ಕೆಂಪು ಕಿತ್ತಳೆ ದಾಟಿ ಬರುತ್ತದೆ. ಅಂದರೆ ಗಾಜಿಗೆ ಏನು ಬೆರೆಸಿದ್ದಾರೆ ಅನ್ನುವುದರ ಸುಳಿವು ಮಾತ್ರ. ಹಳೆಯದರಲ್ಲಿ ಜಾಸ್ತಿ ಕಾಣುತ್ತದೆ ನಿಜ, ಆದರೆ ತಳದ ಸವೆತ, ಗುರುತು, ಅಚ್ಚಿನ ವಿನ್ಯಾಸ ಮೂರೂ ಹೊಂದಬೇಕು.

ಬೆಲೆಯ ವಿಷಯಕ್ಕೆ ಬಂದರೆ, ಇಬೇ ಜಾಲತಾಣದಲ್ಲಿ ಮಾರುವವರು ಕೇಳಿದ ಬೆಲೆ ಬಿಡಿ. ಮಾರಾಟವಾದವುಗಳನ್ನು ಮಾತ್ರ ತೋರಿಸು ಅಂತ ಆರಿಸಿಕೊಳ್ಳಿ. ಎರಡಕ್ಕೂ ಎಷ್ಟೋ ಸಲ ಅಜಗಜಾಂತರ. ಅದೇ ಅಚ್ಚು, ಅದೇ ಅಳತೆ, ಅದೇ ಸ್ಥಿತಿಯ ಕೆಲವು ಮಾರಾಟ ನೋಡಿ ನಡುವಿನ ಬೆಲೆ ಹಿಡಿಯಿರಿ. ಗಾಜು ಭಾರ, ಕಳಿಸುವ ಖರ್ಚೂ ಜಾಸ್ತಿ. ಹಾಗಾಗಿ ಕೈಗೆ ಸಿಗುವ ಅಂಗಡಿಯಲ್ಲಿ ಅದಕ್ಕಿಂತ ಕಡಿಮೆ ಕೊಡುವುದೇ ನ್ಯಾಯ.

ದುಡ್ಡು ಕೊಡುವ ಮುಂಚೆ ಕಣ್ಣು ಮುಚ್ಚಿ ಅಂಚಿನ ಸುತ್ತ ಉಗುರು ಆಡಿಸಿ. ಬಿಳಿಯಲ್ಲಿ ಚಕ್ಕೆ ಎದ್ದದ್ದು ಕಣ್ಣಿಗೆ ಕಾಣದಿದ್ದರೂ ಉಗುರಿಗೆ ಸಿಕ್ಕುತ್ತದೆ. ಹಾಬ್‌ನೇಲ್ ಆದರೆ ಪ್ರತಿ ಮೊಗ್ಗಿನ ತುದಿ ಮುಟ್ಟಿ. ಒಳಗೆ ಮೊಬೈಲ್ ಟಾರ್ಚ್ ಹಾಕಿದರೆ ಸೀಳು ಕಪ್ಪು ಗೆರೆಯಾಗಿ ಕಾಣುತ್ತದೆ. ಮುಚ್ಚಳವಿದ್ದರೆ ತಿರುಗಿಸಿ ನೋಡಿ. ಅಲುಗಾಡಿದರೆ, ಅಥವಾ ಮುಚ್ಚಳದ ಬಿಳುಪು ತಳದ ಬಿಳುಪಿಗೆ ಹೊಂದದಿದ್ದರೆ, ಅದು ಬೇರೆ ಪಾತ್ರೆಯ ಮುಚ್ಚಳ ಇರಬಹುದು. ಅಂಥದ್ದಕ್ಕೆ ಪೂರ್ತಿ ಬೆಲೆ ಕೊಡಬೇಡಿ. ಮನೆಗೆ ತಂದ ಮೇಲೆ ಡಿಶ್‌ವಾಷರ್‌ಗೆ ಹಾಕಬೇಡಿ, ಉಗುರುಬೆಚ್ಚಗಿನ ನೀರು ಸಾಕು. ಮೇಲೆ ಬಣ್ಣವೋ ಚಿನ್ನದ ಗೆರೆಯೋ ಇದ್ದರೆ ಒದ್ದೆ ಬಟ್ಟೆಯಲ್ಲಿ ಮೆಲ್ಲಗೆ ಒರೆಸಿ, ಉಜ್ಜಬೇಡಿ.