ಟ್ರಿಗರ್ ಎಳೆದು ನೋಡಿಯೇ ತಂದ ರಿವಾಲ್ವರ್

ಸೈನ್ಯದಲ್ಲಿದ್ದಾಗ ನನ್ನ ಸೊಂಟದಲ್ಲಿದ್ದದ್ದು ಇಶಾಪುರದ 9 ಎಂಎಂ 1ಎ ಪಿಸ್ತೂಲು. 13 ಗುಂಡಿನ ಮ್ಯಾಗಜಿನ್, ಸಿಂಗಲ್ ಆಕ್ಷನ್. ಅಂದ್ರೆ ಗುಂಡು ಸಿಡಿಯಲು ಬಡಿಯುವ ಹ್ಯಾಮರ್ ಮೊದಲೇ ಹಿಂದೆ ನಿಂತಿರಬೇಕು. ಅದನ್ನು ಬಿಡಿಸುವುದಷ್ಟೇ ಟ್ರಿಗರ್ ಕೆಲಸ. ನಿವೃತ್ತಿಯಾಗಿ ಬೈಲಹೊಂಗಲದ ಹತ್ತಿರ ಹೊಲದ ಮನೆಗೆ ಬಂದೆ. ಲೈಸೆನ್ಸ್ ಸಿಕ್ಕಾಗ ಅಂಥದ್ದೇ ಬೇಕು ಅನ್ನೋ ಆಸೆ ಇತ್ತು. ಆದರೆ 9 ಎಂಎಂ ನಮ್ಮಂಥವರಿಗೆ ನಿಷೇಧಿತ ಬೋರ್, ಅಂದ್ರೆ ಆ ಅಳತೆಯ ನಳಿಗೆ ಇಟ್ಟುಕೊಳ್ಳುವಂತಿಲ್ಲ. ಹಾಗಾಗಿ .32 ಬೋರಿನವು ನೋಡಿದೆ: ಒಂದು ಪಿಸ್ತೂಲು, ಒಂದು ಕಾನ್ಪುರದ ಆರು ಗುಂಡಿನ ರಿವಾಲ್ವರ್.

ಬೆಳಗಾವಿಯ ಅಂಗಡಿಯಲ್ಲಿ ಎರಡನ್ನೂ ತೆರೆದು, ಖಾಲಿ ಇರುವುದನ್ನು ನಾನೇ ನೋಡಿಕೊಂಡೆ. ಡಮ್ಮಿ ಗುಂಡು ಹಾಕಿ ಎಳೆದೆ. ಪಿಸ್ತೂಲು ಸಿಂಗಲ್ ಆಕ್ಷನ್, ಕೈಗೆ ಹಳೇ ಗೆಳೆಯ. ರಿವಾಲ್ವರ್‌ನದು ಬೇರೆಯೇ ಕಥೆ. ಡಬಲ್ ಆಕ್ಷನ್‌ನಲ್ಲಿ ಒಂದೇ ಎಳೆತ ಗುಂಡು ತುಂಬುವ ಸಿಲಿಂಡರ್ ತಿರುಗಿಸಬೇಕು, ಹ್ಯಾಮರ್ ಎತ್ತಬೇಕು, ಬಿಡಬೇಕು. ನಮ್ಮ ಹಿರಿಯರು ಹ್ಯಾಮರ್‌ಗೆ ಕುದುರೆ ಅಂತಿದ್ದರು. ಕುದುರೆಯನ್ನು ಹೆಬ್ಬೆರಳಿಂದ ಎತ್ತಿಟ್ಟರೆ ಇದೂ ಸಿಂಗಲ್ ಆಕ್ಷನ್ನೇ, ಟ್ರಿಗರ್ ಸಲೀಸು.

ಒಂದೇ ಮಾದರಿಯ ಎರಡು ರಿವಾಲ್ವರ್ ತೆಗೆಸಿದೆ. ಒಂದರ ಟ್ರಿಗರ್ ರೊಟ್ಟಿಯಲ್ಲಿ ಮರಳು ಅಗಿದ ಹಾಗೆ, ಕೊನೆಗೆ ಬರುಬರುತ್ತಾ ಇನ್ನೂ ಬಿಗಿ. ಇನ್ನೊಂದು ಭಾರವೇ, ಆದರೆ ಶುರುವಿಂದ ಕೊನೆವರೆಗೆ ಒಂದೇ ಸಮ. ಅಂಗಡಿಯವನಿಗೆ ಬೇಸರ ಬಂತು. ಬರಲಿ, ದುಡ್ಡು ನಂದು ಅಲ್ವಾ?

ಎರಡನೆಯದನ್ನೇ ತಂದೆ. ಹೊಲದ ಮನೆಯಲ್ಲಿ ಗಡಿಬಿಡಿಗೆ, ಕತ್ತಲಿಗೆ, ಬೆವರಿದ ಕೈಗೆ ಉದ್ದ ಎಳೆತವೇ ಒಳ್ಳೆಯದು ಅನ್ನಿಸಿತು. ಸುಮ್ನೆ ಬೆರಳು ತಾಗಿದರೆ ಸಿಡಿಯಲ್ಲ. ಪಿಸ್ತೂಲಿನ ಸೇಫ್ಟಿ ಲಿವರ್ ನೆನಪಿಡಬೇಕು. ಸೈನ್ಯದಲ್ಲಿ ದಿನಾ ಮಾಡ್ತಿದ್ದೆ, ಈಗ ವರ್ಷಕ್ಕೆ ನಾಲ್ಕು ಸಲ ಮುಟ್ಟುವ ಕೈ ಅದನ್ನು ಮರೆಯುತ್ತೆ.

ಮನೆಯಲ್ಲಿ ಗುಂಡುಗಳನ್ನು ಬೇರೆ ಕೋಣೆಯಲ್ಲಿಟ್ಟು, ಸ್ಪ್ರಿಂಗ್ ತಕ್ಕಡಿಯ ಕೊಕ್ಕೆ ಟ್ರಿಗರ್‌ಗೆ ಹಾಕಿ ನೇರ ಹಿಂದಕ್ಕೆ ಎಳೆದೆ. ಡಬಲ್ ಆಕ್ಷನ್ ಎಳೆತದ ಭಾರ ಐದು ಕೆಜಿ ಮುಟ್ಟಿತು, ಸಿಂಗಲ್ ಎರಡರ ಹತ್ತಿರ. 25 ಮೀಟರ್ ಪಿಸ್ತೂಲು ಸ್ಪರ್ಧೆಯಲ್ಲಿ ಟ್ರಿಗರ್ ಎಳೆತ ಕನಿಷ್ಠ 1000 ಗ್ರಾಂ ಇದ್ದರೆ ಸಾಕು, 10 ಮೀಟರ್ ಏರ್ ಪಿಸ್ತೂಲಿಗೆ 500. ಕಾಗದಕ್ಕೆ ಹೊಡೆಯೋ ಲೆಕ್ಕ ಬೇರೆ. ಸ್ಪ್ರಿಂಗ್ ಕತ್ತರಿಸಿ ಹಗುರ ಮಾಡಿಕೊಡ್ತೀನಿ ಅಂತ ಒಬ್ಬ ಬಂದಿದ್ದ. ಬೇಡ ಅಂದೆ. ಹ್ಯಾಮರ್ ಮೆತ್ತಗೆ ಬಡಿದರೆ ಗುಂಡು ಸಿಡಿಯದೇ ಉಳಿಯಬಹುದು.

ಭಾರದ ಟ್ರಿಗರ್‌ಗೆ ಬೆಲೆ ತೆತ್ತೆ. ರೇಂಜಿನಲ್ಲಿ ಮೊದಲ ಆರೂ ಗುಂಡು ಎಡಕ್ಕೆ, ಕೆಳಗೆ. ಎಳೆಯುವ ಭರದಲ್ಲಿ ಮುಷ್ಟಿಯನ್ನೇ ಹಿಂಡ್ತಿದ್ದೆ. ಸೈನಿಕನಿಗೆ ನಾಚಿಕೆ! ಅವತ್ತಿಂದ ಡಮ್ಮಿ ಹಾಕಿ, ಬ್ಯಾರಲ್ ಮೇಲೆ ನಾಣ್ಯ ಇಟ್ಟು, ಬೀಳದ ಹಾಗೆ ಎಳೆಯೋದೇ ಅಭ್ಯಾಸ.

ಚುನಾವಣೆ ಬಂದರೆ ಠಾಣೆಗೆ ಒಪ್ಪಿಸಿ ರಸೀದಿ ತರಬೇಕು. ವಾಪಸ್ ಬಂದ ದಿನ ಮೊದಲು ನಾಣ್ಯ ಹುಡುಕ್ತೀನಿ. ಕಳೆದ ಸಲ ಮೂರನೇ ಎಳೆತಕ್ಕೇ ಬಿತ್ತು.