ಮೂರು ಬ್ಯಾಂಕಿನ ಕ್ರೆಡಿಟ್ ಕಾರ್ಡ್, ವಾರ್ಷಿಕ ಶುಲ್ಕ ಸೊನ್ನೆ: ದಾವಣಗೆರೆ ಅಂಗಡಿ ಲೆಕ್ಕ

ಬ್ಯಾಂಕಿನವರ ಹತ್ತಿರ ಚೌಕಾಸಿ ನಡೆಯಲ್ಲ ಅಂತ ಮಂಡಿಪೇಟೆಯಲ್ಲಿ ಎಲ್ಲರದೂ ಒಂದೇ ಮಾತಿತ್ತು. ನಡೆಯುತ್ತೆ. ನನ್ನ ಮೂರು ಕ್ರೆಡಿಟ್ ಕಾರ್ಡಿಗೂ ಈಗ ವಾರ್ಷಿಕ ಶುಲ್ಕ ಇಲ್ಲ, ಒಟ್ಟು ಲಿಮಿಟ್ ಆರು ಲಕ್ಷದ ಹತ್ತಿರ ಇದೆ.

ಯಾವ ಬ್ಯಾಂಕ್ ಗಿರಾಕಿಯನ್ನು ಎಲ್ಲಿ ಹಿಡಿಯುತ್ತೆ ಅನ್ನೋದು ಗೊತ್ತಿದ್ದರೆ ಅರ್ಧ ಕೆಲಸ ಆದ ಹಾಗೆ. ಎಚ್‌ಡಿಎಫ್‌ಸಿ ಮೊದಲು ನೋಡುವುದು ತನ್ನದೇ ಖಾತೆದಾರರನ್ನು. ಎಸ್‌ಬಿಐ ಕಾರ್ಡ್ ಬ್ಯಾಂಕಿನಿಂದ ಬೇರೆಯೇ ಕಂಪನಿ, ಹೊರಗಿನವರನ್ನೂ ಹುಡುಕಿಕೊಂಡು ಬರುತ್ತದೆ. ಐಸಿಐಸಿಐ ಅಮೆಜಾನ್ ಜೊತೆ, ಆಕ್ಸಿಸ್ ಫ್ಲಿಪ್‌ಕಾರ್ಟ್ ಜೊತೆ ಕೈ ಜೋಡಿಸಿವೆ. 2023ರಲ್ಲಿ ಸಿಟಿಬ್ಯಾಂಕಿನ ಭಾರತದ ಕಾರ್ಡುಗಳೂ ಆಕ್ಸಿಸ್ ಪಾಲಾದವು. 2020ರ ಡಿಸೆಂಬರ್‌ನಲ್ಲಿ ಆರ್‌ಬಿಐ ಎಚ್‌ಡಿಎಫ್‌ಸಿಗೆ ಹೊಸ ಕಾರ್ಡ್ ಕೊಡಬೇಡಿ ಅಂದಾಗ ಉಳಿದವರು ಆ ಜಾಗಕ್ಕೆ ನುಗ್ಗಿದರು. 2021ರ ಆಗಸ್ಟ್‌ನಲ್ಲಿ ತಡೆ ಸಡಿಲವಾಗಿದ್ದೇ ತಡ, ಅದೂ ಜೋರಾಗಿ ಕಾರ್ಡ್ ಹಂಚಿತು. ಹೊಸ ಗಿರಾಕಿಗೆ ಇರುವ ಬೆಲೆ ಹಳಬನಿಗಿಲ್ಲ. ನನ್ನ ದಾರಿ ನಿಂತಿರುವುದು ಇದರ ಮೇಲೆ.

ಸಂಬಳದ ಚೀಟಿ ಇಲ್ಲದ ನಮ್ಮಂಥವರು ಮೊದಲ ಕಾರ್ಡನ್ನು ಎಫ್‌ಡಿ ಮೇಲೆ ತಗೊಳ್ಳಬೇಕು. ಒಂದು ವರ್ಷ ಚೊಕ್ಕವಾಗಿ ಕಟ್ಟಿದ ಮೇಲೆ ಅದರ ಸ್ಟೇಟ್‌ಮೆಂಟ್ ತೋರಿಸಿ ಇನ್ನೊಂದು ಬ್ಯಾಂಕಿನಲ್ಲಿ 'ಕಾರ್ಡ್ ಟು ಕಾರ್ಡ್', ಅಂದರೆ ಹಳೇ ಕಾರ್ಡಿನ ಆಧಾರದ ಮೇಲೆ ಹೊಸ ಕಾರ್ಡ್, ಕೇಳಿ. ಒಂದೇ ತಿಂಗಳಲ್ಲಿ ನಾಲ್ಕು ಕಡೆ ಅರ್ಜಿ ಹಾಕಿದರೆ ಬ್ಯಾಂಕಿನವರು ನಮ್ಮ ಸಾಲದ ಚರಿತ್ರೆ ನೋಡುವ ಎನ್‌ಕ್ವೈರಿ ಜಾಸ್ತಿಯಾಗಿ ಕ್ರೆಡಿಟ್ ಸ್ಕೋರ್ ಇಳಿಯುತ್ತೆ, ನಾಲ್ಕೂ ಕಡೆ ರಿಜೆಕ್ಟ್ ಆಗಬಹುದು. ಆರು ತಿಂಗಳ ಅಂತರ ಬೇಕು. ಕಾರ್ಡ್ ಮಾರುವ ಸ್ಟಾಲ್‌ನ ಹುಡುಗರು 'ಲೈಫ್‌ಟೈಮ್ ಫ್ರೀ' ಅಂದರೆ ಅರ್ಜಿ ಜೊತೆ ಕೊಡುವ ಒಂದು ಪುಟದ ಮುಖ್ಯಾಂಶ ಪತ್ರದಲ್ಲಿ ಶುಲ್ಕದ ಸಾಲು ಓದಿ. ಅಲ್ಲಿಲ್ಲದ ಮಾತಿಗೆ ಆಮೇಲೆ ಯಾರೂ ಜವಾಬ್ದಾರರಲ್ಲ.

ಮಾಲಿಗೆ ಕಾರ್ಡ್ ಉಜ್ಜುವ ಮುಂಚೆ ಈ ಲೆಕ್ಕ ಹಾಕಿ. ಬಿಲ್ ದಿನದ ಮಾರನೇ ದಿನ ಒಂದು ಲಕ್ಷದ ಮಾಲು ತಂದರೆ ಸುಮಾರು 50 ದಿನ ಬಡ್ಡಿ ಇಲ್ಲ. 12% ಓಡಿ (ಖಾತೆಯ ಮೇಲೆ ಬ್ಯಾಂಕ್ ಕೊಡುವ ಓವರ್‌ಡ್ರಾಫ್ಟ್ ಸಾಲ) ಬಡ್ಡಿಯಲ್ಲಿ ಅದರ ಬೆಲೆ ₹1,650 ಆಸುಪಾಸು. ಹೋಲ್‌ಸೇಲಿನವರು ಸ್ವೈಪ್‌ಗೆ 2% ಹಾಕಿದರೆ ₹2,000 ಹೋಯ್ತು. ಅಂದರೆ ಲುಕ್ಸಾನು! ಕಾರ್ಡಿನಿಂದ 1% ರಿವಾರ್ಡ್ ಪಾಯಿಂಟ್ ಬಂದರೆ ಮಾತ್ರ ಆರುನೂರು ಚಿಲ್ಲರೆ ಉಳಿಯುತ್ತೆ. ಗಡುವಿನ ದಿನ 'ಮಿನಿಮಮ್ ಡ್ಯೂ' ಮಾತ್ರ ಕಟ್ಟಿದಿರೋ, ಬಡ್ಡಿ ಮಾಲು ತಂದ ದಿನದಿಂದಲೇ ಬೀಳುತ್ತೆ. ತಿಂಗಳಿಗೆ 3.5% ಅಂತ ಹಿಡಿದರೂ ಆ 50 ದಿನಕ್ಕೇ ₹5,750, ಅದರ ಮೇಲೆ 18% ಜಿಎಸ್‌ಟಿ. ವರ್ಷದ ಉಳಿತಾಯ ಪೂರ್ತಿ ತೊಳೆದು ಹೋಗುತ್ತೆ. ಇನ್ನೊಂದು: ವೈಯಕ್ತಿಕ ಕಾರ್ಡಿನಲ್ಲಿ ಒಂದೇ ಹೋಲ್‌ಸೇಲ್ ಅಂಗಡಿಗೆ ಪದೇಪದೇ ದೊಡ್ಡ ಮೊತ್ತ ಹೋದರೆ ವ್ಯಾಪಾರದ ಬಳಕೆ ಅಂತ ಪಾಯಿಂಟ್ ಹಿಡಿದುಬಿಡುತ್ತಾರೆ. ಇದಕ್ಕೆ ಬಿಸಿನೆಸ್ ಕಾರ್ಡೇ ಸರಿ.

ಮೂರು ಕಾರ್ಡಿನ ಬಿಲ್ ದಿನಗಳನ್ನು ಹತ್ತತ್ತು ದಿನ ದೂರ ಇಡಿ, ಯಾವಾಗ ಮಾಲು ತಂದರೂ ಬಿಲ್ ದಿನ ಈಗಷ್ಟೇ ಕಳೆದ ಒಂದು ಕಾರ್ಡ್ ಕೈಯಲ್ಲಿರುತ್ತೆ. ದಿನ ಬದಲಿಸಿಕೊಳ್ಳುವ ಹಕ್ಕು ಆರ್‌ಬಿಐ ನಿಯಮದಲ್ಲೇ ಇದೆ.

ರೂಪೇ ಕಾರ್ಡನ್ನು ಯುಪಿಐಗೆ ಜೋಡಿಸಿಯೂ ನೋಡಿದೆ. ಬೆಣ್ಣೆದೋಸೆ ಹೋಟೆಲಿನ ವ್ಯಾಪಾರಿ ಕ್ಯೂಆರ್‌ಗೆ ಹೋಗುತ್ತೆ, ಮಂಡಕ್ಕಿ ಗಾಡಿಯವರ ಸ್ವಂತ ಖಾತೆಯ ಕ್ಯೂಆರ್‌ಗೆ ಹೋಗಲ್ಲ. ಚಿಲ್ಲರೆ ಖರ್ಚೆಲ್ಲ ಸೇರಿ ಶುಲ್ಕಮಾಫಿಗೆ ಬ್ಯಾಂಕ್ ಇಟ್ಟಿರುವ ವರ್ಷದ ಖರ್ಚಿನ ಗುರಿ ಮುಟ್ಟಲು ಇದು ಒಳ್ಳೆಯ ದಾರಿ.

ಇನ್ನು ಚೌಕಾಸಿ. ಶುಲ್ಕ ಬಿಲ್ಲಿಗೆ ಬಿದ್ದ ಕೂಡಲೇ ಫೋನ್ ಮಾಡಿ. 'ಮಾಫಿ ಮಾಡಿ' ಅಂತ ಬೇಡಿದರೆ ಮೊದಲು ಎತ್ತಿದವರ ಕೈಲಿ ಏನೂ ಆಗಲ್ಲ, ಅವರಿಗೆ ಆ ಅಧಿಕಾರವೇ ಇರಲ್ಲ. 'ಕಾರ್ಡ್ ಕ್ಲೋಸ್ ಮಾಡಿ' ಅನ್ನಬೇಕು. ಆಗ ಗಿರಾಕಿ ಉಳಿಸಿಕೊಳ್ಳುವ ವಿಭಾಗದಿಂದ ಕರೆ ಬರುತ್ತೆ. ಇನ್ನೊಂದು ಬ್ಯಾಂಕಿನ ಶುಲ್ಕವಿಲ್ಲದ ಕಾರ್ಡಿನ ಹೆಸರು ಹೇಳಿ. ಹಿಂದಿನ ಎರಡು ಮೂರು ತಿಂಗಳು ನೀವು ಕ್ಲೋಸ್ ಮಾಡಿ ಅಂದ ಕಾರ್ಡಿನಲ್ಲಿ ಚೆನ್ನಾಗಿ ಖರ್ಚಾಗಿದ್ದರೆ ಮಾತ್ರ ಇದು ಕೆಲಸ ಮಾಡುತ್ತೆ. ಮೂಲೆಗೆ ಬಿದ್ದ ಕಾರ್ಡನ್ನು 'ಆಯ್ತು ಸರ್' ಅಂತ ಮುಚ್ಚಿಬಿಡುತ್ತಾರೆ. ಖರ್ಚನ್ನು ಯಾವ ಅಂದಾಜಿಗೆ, ಯಾವ ತಿಂಗಳು ಏರಿಸಬೇಕು ಅನ್ನೋದು ನನ್ನ ಹತ್ತಿರವೇ ಇರಲಿ. ಒಪ್ಪಿದ್ದನ್ನು ಇಮೇಲ್‌ನಲ್ಲಿ ತರಿಸಿಕೊಳ್ಳಿ.

ಒಪ್ಪದಿದ್ದರೆ ನಿಜವಾಗಿಯೂ ಮುಚ್ಚಿ. ಅದಕ್ಕೂ ಮುಂಚೆ ಪಾಯಿಂಟ್ ಖಾಲಿ ಮಾಡಿ, ಆಟೋ ಡೆಬಿಟ್ ತೆಗೆಸಿ, ಬಾಕಿ ಸೊನ್ನೆಗೆ ತನ್ನಿ. ಬಾಕಿ ಇಲ್ಲದ ಕಾರ್ಡನ್ನು ಏಳು ಕೆಲಸದ ದಿನದೊಳಗೆ ಮುಚ್ಚದಿದ್ದರೆ ಬ್ಯಾಂಕ್ ದಿನಕ್ಕೆ ₹500 ನಿಮಗೇ ಕೊಡಬೇಕು ಅಂತ ಆರ್‌ಬಿಐ 2022ರಲ್ಲೇ ನಿಯಮ ತಂದಿದೆ. ಹಾಗಾಗಿ ಕೋರಿಕೆ ಸಂಖ್ಯೆ, ತಾರೀಖು ಎರಡನ್ನೂ ಬರೆದಿಡಿ.