ನಾಲ್ಕು ಇಂಚು ಮಣ್ಣು, ಜೇನಿಗೆ ಹೂವು: ನಮ್ಮ ತಾರಸಿಯ ಅನುಭವ

ಮೈಸೂರಿನ ನಮ್ಮ ಮನೆ ತಾರಸಿಯ ಅರ್ಧ ಭಾಗಕ್ಕೆ ಮಣ್ಣು ಹಾಸಿ ಮೂರು ವರ್ಷ ಆಯ್ತು. ಕುಂಡ ಇಟ್ಟಿದ್ದಲ್ಲ, ತಾರಸಿ ಮೇಲೇ ಮಡಿ ಮಾಡಿದ್ದು. ಮೊದಲ ವರ್ಷ ಹೂವೇನೋ ಬೇಕಾದಷ್ಟು ಬಿಟ್ಟವು, ಜೇನು ಮಾತ್ರ ಬರಲಿಲ್ಲ.

ಗಿಡ ಆರಿಸುವುದು ಭಾರದ ಲೆಕ್ಕದಿಂದಲೇ ಶುರುವಾಗುತ್ತದೆ. ನೀರು ಕುಡಿದ ತೋಟದ ಮಣ್ಣು ನಾಲ್ಕು ಇಂಚು ಹಾಸಿದರೆ ಚದರ ಮೀಟರಿಗೆ ಸುಮಾರು 180 ಕೆಜಿ ತೂಗುತ್ತದೆ, ಜನ ಓಡಾಡುವ ಮನೆ ತಾರಸಿಗೆ ಸಾಮಾನ್ಯವಾಗಿ ಹಿಡಿಯುವ ಲೆಕ್ಕ 150 ಕೆಜಿ. ಹಾಗಾಗಿ ಇಂಜಿನಿಯರ್‌ಗೆ ತೋರಿಸಿ, ವಾಟರ್‌ಪ್ರೂಫಿಂಗ್ ಮಾಡಿಸಿ, ಬೇರು ಇಳಿಯದ ಶೀಟು ಮತ್ತು ನೀರು ಹರಿಯಲು ಡ್ರೈನ್ ಸೆಲ್ ಹಾಸಿ, ಭಾರ ಕಡಿಮೆಯಾಗಲಿ ಅಂತ ಕೋಕೋಪೀಟ್ (ತೆಂಗಿನ ನಾರಿನ ಪುಡಿ), ಎರೆಗೊಬ್ಬರ, ಸ್ವಲ್ಪ ಕೆಂಪು ಮಣ್ಣು ಬೆರೆಸಿ ನಾಲ್ಕೇ ಇಂಚು ತುಂಬಿಸಿದೆ. ಆಳ ಬೇಕಾದ ಗಿಡಕ್ಕೆ ಗೋಡೆ ಪಕ್ಕ ನಾಲ್ಕು ಡ್ರಮ್ಮು, ಅಷ್ಟೇ.

ನಾನು ತಪ್ಪಿದ್ದು ನರ್ಸರಿಯಲ್ಲಿ. ಕಣ್ಣಿಗೆ ಕಂಡಿದ್ದನ್ನೆಲ್ಲ ತಂದೆ: ಪೆಟೂನಿಯಾ, ಮುದ್ದೆ ಚೆಂಡುಹೂ, ದಪ್ಪ ಸೇವಂತಿಗೆ. ಒಂದು ದಿನ ಚೆಂಡುಹೂ ಬಿಡಿಸಿ ನೋಡಿದೆ. ಎಸಳೇ ಎಸಳು, ನಡುವೆ ಇರಬೇಕಾದ ಪರಾಗದ ಪುಟ್ಟ ಹೂಗಳು ಇಲ್ಲವೇ ಇಲ್ಲ! ಜೇನು ಬಂದರೂ ಏನು ತಿನ್ನಬೇಕು ಹೇಳಿ?

ಅದೇ ಹೊತ್ತಿಗೆ ಕೆಳಗೆ ಅಮ್ಮನ ತುಳಸಿ ಕಟ್ಟೆಯಲ್ಲಿ ಪೆಟ್ಟಿಗೆಯಲ್ಲಿ ಸಾಕುತ್ತಾರಲ್ಲ, ಆ ತುಡುವೆ ಜೇನು ಗುಂಯ್ ಅನ್ನುತ್ತಿದ್ದವು. "ತೆನೆ ಚಿವುಟೋ, ಗಿಡ ಒಣಗುತ್ತೆ" ಅಂತ ಅಮ್ಮ. "ಅರ್ಧ ಚಿವುಟಮ್ಮ, ಅರ್ಧ ಬಿಡು" ಅಂದೆ. ಆಮೇಲಿಂದ ನರ್ಸರಿಗೆ ಹೋಗುವ ಮೊದಲು ನಮ್ಮ ಬೀದಿಯಲ್ಲೇ ಬೆಳಗ್ಗೆ ಹತ್ತರ ಸುಮಾರಿಗೆ ಒಂದು ಸುತ್ತು ಹೋಗಿ ಯಾವ ಹೂವಿನ ಮೇಲೆ ಜೇನಿದೆ ಅಂತ ಸುಮ್ನೆ ನಿಂತು ನೋಡತೊಡಗಿದೆ. ನನ್ನ ಪಟ್ಟಿ ತಯಾರಾಗಿದ್ದು ಹೀಗೆ.

ನಾಲ್ಕು ಇಂಚಿನ ಮಡಿಗೆ ಟೇಬಲ್ ರೋಸ್ ಬಿಟ್ಟರೆ ಇಲ್ಲ, ಒಂದೇ ಸುತ್ತು ಎಸಳಿರುವುದೇ ಆಗಬೇಕು. ದಪ್ಪ ಎಲೆ, ಬಿಸಿಲಿಗೆ ಜಗ್ಗುವುದಿಲ್ಲ. ಬಿಸಿಲೇರಿದಾಗ ಅರಳಿದ ಹೂವಿನ ಕೇಸರವನ್ನು ಕಡ್ಡಿಯಿಂದ ಮುಟ್ಟಿ ನೋಡಿ, ಕೇಸರಗಳು ತಾವಾಗೇ ಬಾಗುತ್ತವೆ. ಅದರೊಳಗೆ ಹೊಕ್ಕ ಜೇನು ಮೈಯೆಲ್ಲ ಹಳದಿ ಪುಡಿ ಮೆತ್ತಿಕೊಂಡು ಏಳುತ್ತದೆ. ಜೊತೆಗೆ ತುಂಬೆ, ಕಾಮಕಸ್ತೂರಿ. ಅಡುಗೆಮನೆ ಡಬ್ಬಿಯ ಸಾಸಿವೆ, ಧನಿಯಾನೂ ಚೆಲ್ಲಿದೆ. ಕೊತ್ತಂಬರಿ ಹೂವಿಗೆ ಬಂದರೆ ಕಿತ್ತುಹಾಕುವವರೇ ಜಾಸ್ತಿ, ದಯವಿಟ್ಟು ಬಿಡಿ. ಆ ಬಿಳಿ ಹೂವಿನ ಮೇಲೆ ಮುಜಂಟಿ ಜೇನು ಕೂರುತ್ತವೆ, ಚುಚ್ಚದ ಪುಟ್ಟ ಜೇನು.

ಜೇನಿಗೆ ಕಷ್ಟದ ಕಾಲ ಬೇಸಿಗೆ ಅಂದುಕೊಂಡಿದ್ದೆ, ಅಲ್ಲ, ಮಳೆಗಾಲ. ಹಾರುವುದಕ್ಕೂ ಆಗದು, ಹೂವೂ ಕಡಿಮೆ. ಅದಕ್ಕೇ ಡ್ರಮ್ಮಿನಲ್ಲಿ ಆಂಟಿಗೋನಾನ್ ಬಳ್ಳಿ ಹಬ್ಬಿಸಿದೆ, ಗುಲಾಬಿ ಗೊಂಚಲು ವರ್ಷದ ಬಹುಪಾಲು ಇರುತ್ತದೆ. ಮುಂಗಾರಿನಲ್ಲಿ ಒಂದು ಹಿಡಿ ಹುಚ್ಚೆಳ್ಳು ಚೆಲ್ಲಿದರೆ ಮಳೆ ಕಡಿಮೆಯಾಗುವ ಹೊತ್ತಿಗೆ ಮಡಿಯೆಲ್ಲ ಹಳದಿ.

ಬದನೆ, ಟೊಮೆಟೊ ಇಟ್ಟಿದ್ದು ನಮ್ಮ ಸಾರಿಗೆ, ಆದರೆ ಅಲ್ಲಿಗೆ ಬಂದ ಅತಿಥಿಯೇ ಬೇರೆ. ಹೊಟ್ಟೆಯ ಮೇಲೆ ನೀಲಿ ಪಟ್ಟೆ ಇರುವ, ಗುಂಪು ಕಟ್ಟದೆ ಒಂಟಿಯಾಗಿ ಬಾಳುವ ಜೇನು. ಹೂವನ್ನು ತಬ್ಬಿ ಹಿಡಿದು ಮೈ ನಡುಗಿಸುತ್ತದೆ, ಸಣ್ಣಗೆ ಝೇಂಯ್ ಅಂತ ಕೇಳಿಸುತ್ತದೆ, ಕೇಸರದ ತುದಿಯ ತೂತಿನಿಂದ ಪರಾಗ ಉದುರುತ್ತದೆ. ತುಡುವೆ ಜೇನಿಗೆ ಈ ಕಸುಬು ಬರುವುದಿಲ್ಲ.

ಒಂದು ನೋವಿನ ಸಂಗತಿಯನ್ನೂ ಹೇಳಲೇಬೇಕು. ಎರಡನೇ ವರ್ಷ ಬದನೆಗೆ ಹೇನು ಹತ್ತಿದಾಗ ಅಂಗಡಿಯವರು ಕೊಟ್ಟ ಇಮಿಡಾಕ್ಲೋಪ್ರಿಡ್ ಅನ್ನೋ ಕೀಟನಾಶಕ ಸಿಂಪಡಿಸಿಬಿಟ್ಟೆ. ಎರಡು ದಿನದಲ್ಲಿ ಮಡಿಯಲ್ಲಿ ಏಳು ಜೇನು ಸತ್ತು ಬಿದ್ದಿದ್ದವು. ಅದು ಗಿಡದ ಒಳಗೇ ಹರಿದು ಮಕರಂದ, ಪರಾಗಕ್ಕೂ ಸೇರುವ ಔಷಧಿ ಅಂತ ಆಮೇಲೆ ಓದಿ ತಿಳಿದುಕೊಂಡೆ. ಈಗ ಹೇನು ಬಂದರೆ ಜೋರಾಗಿ ನೀರು ಹಾಯಿಸುತ್ತೇನೆ, ತೀರಾ ಆದರೆ ಬೇವಿನ ಎಣ್ಣೆ, ಅದೂ ಜೇನೆಲ್ಲ ಗೂಡಿಗೆ ಹೋದ ಮೇಲೆ ಸಂಜೆ. ನರ್ಸರಿಯಲ್ಲೂ ಏನು ಹೊಡೆದಿರುತ್ತಾರೋ, ಅದಕ್ಕೆ ಆದಷ್ಟು ಬೀಜದಿಂದಲೇ ಬೆಳೆಸುತ್ತೇನೆ.

ಈ ಸಲ ಆಂಟಿಗೋನಾನ್ ಬಳ್ಳಿಯ ಒಂದು ಕಡ್ಡಿಗೆ ಕೋಲು ಜೇನು ಅಂಗೈ ಅಗಲದ ಒಂದೇ ಹುಟ್ಟು ಕಟ್ಟಿದೆ. ಅದರ ಪಕ್ಕದ ಹಗ್ಗಕ್ಕೆ ಅಮ್ಮ ಬಟ್ಟೆ ಒಣಹಾಕುವುದನ್ನು ಬಿಟ್ಟಿದ್ದಾರೆ.